ಯುವತುರ್ಕರು ಮತ್ತು ನಮ್ಮ ದುರ್ಗದ ನಿಜಲಿಂಗಪ್ಪನವರು

ಚಿತ್ರದುರ್ಗದ ಹತ್ತಿರ ಸೀಬಾರದಲ್ಲಿರುವ ಎಸ್. ನಿಜಲಿಂಗಪ್ಪನವರ ಸ್ಮಾರಕದ ಮುಂದೆ ಹಾದುಹೋಗುವಾಗಲೆಲ್ಲ ನನಗೆ 1969ನೆಯ ಇಸವಿ ನೆನಪಾಗುತ್ತದೆ. ನಾನು ಆಗ ಹುಟ್ಟಿರಲಿಲ್ಲ. ಆದರೆ ಆ ವರ್ಷದ ಕಾಂಗ್ರೆಸ್ ಜಗಳವನ್ನು ಅಜ್ಜನ ಬಾಯಿಂದ ಕೇಳುತ್ತಲೇ ಬೆಳೆದೆ. ಅಜ್ಜ ಕೊನೆಯವರೆಗೂ ನಿಜಲಿಂಗಪ್ಪನವರ ಕಡೆಯವರು. ಚಂದ್ರಶೇಖರ್, ಮೋಹನ್ ಧಾರಿಯಾ, ಕೃಷ್ಣಕಾಂತ್ ಮತ್ತು ಅವರ ಜೊತೆಗಾರರನ್ನು ಪತ್ರಿಕೆಗಳು, ಪಕ್ಷದೊಳಗೇ ಬಂಡೆದ್ದ ಕಿರಿಯರು ಎಂಬ ಅರ್ಥದಲ್ಲಿ ‘ಯುವತುರ್ಕರು’ ಎಂದರೆ, ಅಜ್ಜ ‘ಮನೆಮುರುಕರು’ ಎನ್ನುತ್ತಿದ್ದರು.

ಈ ಮೂವರು 1962, 1964 ಮತ್ತು 1966ರಲ್ಲಿ ಒಬ್ಬೊಬ್ಬರಾಗಿ ರಾಜ್ಯಸಭೆಗೆ ಬಂದವರು. ವಯಸ್ಸು ನಲವತ್ತರ ಆಸುಪಾಸು. ಸಂಸತ್ತಿಗೆ ಮಾತ್ರ ಹೊಸಬರು. ಬ್ಯಾಂಕುಗಳ ರಾಷ್ಟ್ರೀಕರಣವಾಗಬೇಕು, ಮಾಜಿ ಅರಸರಿಗೆ ಸರ್ಕಾರ ಪ್ರತಿವರ್ಷ ಕೊಡುತ್ತಿದ್ದ ರಾಜಧನ ನಿಲ್ಲಬೇಕು ಎಂದು ಪಟ್ಟು ಹಿಡಿದ ಈ ಗುಂಪಿನ ಚಂದ್ರಶೇಖರ್, ತಮ್ಮದೇ ಪಕ್ಷದ ಅರ್ಥಮಂತ್ರಿ ಮೊರಾರ್ಜಿ ದೇಸಾಯಿಯವರನ್ನು ಸದನದಲ್ಲಿಯೇ ನೇರವಾಗಿ ಎದುರಿಸಿದರು. 1969ರ ಜುಲೈ 19ರಂದು 14 ಬ್ಯಾಂಕುಗಳು ಸರ್ಕಾರದ ವಶಕ್ಕೆ ಬಂದವು. ನವೆಂಬರಿನಲ್ಲಿ ಕಾಂಗ್ರೆಸ್ ಪಕ್ಷ ಪ್ರಧಾನಿ ಇಂದಿರಾ ಗಾಂಧಿಯವರ ಬಣ, ಹಿರಿಯ ನಾಯಕರ ಬಣ ಎಂದು ಒಡೆದಾಗ ಪಕ್ಷದ ಅಧ್ಯಕ್ಷರಾಗಿದ್ದವರು ಹಿರಿಯರ ಬಣದ ನಮ್ಮ ನಿಜಲಿಂಗಪ್ಪನವರು; ಯುವತುರ್ಕರು ಇಂದಿರಾ ಕಡೆ ನಿಂತರು. ರಾಜಧನ 1971ರಲ್ಲಿ ರದ್ದಾಯಿತು.

ಯುವತುರ್ಕರೆಲ್ಲ ಇಂದಿರಾ ಗಾಂಧಿಯವರ ಕೈಗೊಂಬೆಗಳು ಎಂಬುದು ಅಜ್ಜನ ವಾದ. ಅಜ್ಜನ ಮೇಲಿನ ಗೌರವ ಕಿಂಚಿತ್ತೂ ಕಡಿಮೆಯಾಗದಿದ್ದರೂ ಈ ಮಾತನ್ನು ನಾನು ಒಪ್ಪಲಾರೆ. ಸರ್ಕಾರದ ವಿರುದ್ಧ ಚಳವಳಿ ನಡೆಸುತ್ತಿದ್ದ ಜಯಪ್ರಕಾಶ ನಾರಾಯಣರೊಂದಿಗೆ ಮಾತುಕತೆ ನಡೆಸಬೇಕೆಂದದ್ದಕ್ಕೆ ಧಾರಿಯಾ 1975ರಲ್ಲಿ ಮಂತ್ರಿಪದವಿ ಕಳೆದುಕೊಂಡರು. ಕಾಂಗ್ರೆಸ್ ಕಾರ್ಯಕಾರಿ ಸಮಿತಿಯ ಸದಸ್ಯರಾಗಿದ್ದ ಚಂದ್ರಶೇಖರ್ ತುರ್ತುಪರಿಸ್ಥಿತಿಯಲ್ಲಿ ಸೆರೆಮನೆ ಸೇರಿದರು. ಕೈಗೊಂಬೆಗಳಾಗಿದ್ದರೆ ಅವರಿಗೆ ಆ ಗತಿ ಬರುತ್ತಿರಲಿಲ್ಲ.

ಇಂದು ಅಂಥ ಗುಂಪು ಕಟ್ಟುವುದು ಕಷ್ಟ. 1985ರ ಪಕ್ಷಾಂತರ ನಿಷೇಧ ಕಾನೂನಿನಿಂದಾಗಿ, ವಿಪ್ (ಹೀಗೇ ಮತ ಹಾಕಬೇಕೆಂಬ ಪಕ್ಷದ ಆದೇಶ) ಮೀರಿ ಮತ ಹಾಕಿದವರು ಸದಸ್ಯತ್ವವನ್ನೇ ಕಳೆದುಕೊಳ್ಳಬಹುದು. ಆದರೆ ವಿಪ್ ಕಟ್ಟಿಹಾಕುವುದು ಮತವನ್ನು. ತುರ್ತು ವಿಷಯಗಳನ್ನು ಎತ್ತಲು ಸದನದಲ್ಲಿರುವ ಶೂನ್ಯವೇಳೆಯಲ್ಲಿ ಒಬ್ಬರು ಎತ್ತಿದ ವಿಷಯಕ್ಕೆ ಬೇರೆ ಪಕ್ಷದವರು ದನಿಗೂಡಿಸುವುದನ್ನು ಆ ಕಾನೂನು ತಡೆಯುವುದಿಲ್ಲ. 2024ರಲ್ಲಿ ಲೋಕಸಭೆಗೆ ಆರಿಸಿಬಂದ 543 ಮಂದಿಯಲ್ಲಿ ಅರ್ಧಕ್ಕಿಂತ ಹೆಚ್ಚಿನವರು ಮೊದಲ ಬಾರಿಯವರು. ಮೂವತ್ತು ತುಂಬುವ ಮೊದಲೇ ಗೆದ್ದ ಸಾಗರ್ ಖಂಡ್ರೆ, ಪ್ರಿಯಾಂಕಾ ಜಾರಕಿಹೊಳಿ ನಮ್ಮ ರಾಜ್ಯದವರೇ. ದಾವಣಗೆರೆಯ ಪ್ರಭಾ ಮಲ್ಲಿಕಾರ್ಜುನ್ ಕಾಂಗ್ರೆಸ್ಸಿನವರು, ಚಿತ್ರದುರ್ಗದ ಗೋವಿಂದ ಕಾರಜೋಳ ಬಿಜೆಪಿಯವರು. ಕಾರಜೋಳರು ವಯಸ್ಸಿನಲ್ಲಿ ಹಿರಿಯರಾದರೂ ಲೋಕಸಭೆಗೆ ಇಬ್ಬರೂ ಹೊಸಬರು.

ನಮ್ಮ ಭಾಗಕ್ಕೆ ನೀರು ತರುವ ಭದ್ರಾ ಮೇಲ್ದಂಡೆ ಯೋಜನೆಗೆ 5,300 ಕೋಟಿ ರೂಪಾಯಿ ನೆರವು ಕೊಡುವುದಾಗಿ ಕೇಂದ್ರವು 2023ರ ಬಜೆಟ್‌ನಲ್ಲಿ ಘೋಷಿಸಿತ್ತು. ಆ ನೀರಿಗಾಗಿ ಹೊಸದುರ್ಗ, ಹಿರಿಯೂರು, ಚಳ್ಳಕೆರೆಗಳ ಜೊತೆಗೆ ದಾವಣಗೆರೆ ಜಿಲ್ಲೆಯ ಜಗಳೂರೂ ಕಾದಿದೆ. ಈ ಒಂದು ವಿಷಯಕ್ಕಾದರೂ ರಾಜ್ಯದ ಹೊಸ ಸಂಸದರೆಲ್ಲ ಪಕ್ಷ ನೋಡದೆ ಒಂದೇ ದಿನ ಎದ್ದು ನಿಂತು, ಯಾವ ವರ್ಷ ಎಷ್ಟು ಹಣ ಕೊಡುತ್ತೀರಿ ಎಂದು ಕೇಳಲಿ. ನಮ್ಮ ಇಬ್ಬರು ಸಂಸದರಿಗೂ ಈ ವಾರ ಇದನ್ನೇ ಪತ್ರದಲ್ಲಿ ಬರೆದು ಕಳುಹಿಸಿದ್ದೇನೆ.