ಎರಡು ಸೇರಿ ಒಂದಾದದ್ದು

ರಾತ್ರಿ ನಿದ್ದೆ ಬರದೆ ಸುಮ್ನೆ ಕ್ರೋಮೋಸೋಮ್ (ಜೀವಕೋಶದೊಳಗೆ ಡಿಎನ್‌ಎ ಸುತ್ತಿಟ್ಟ ಎಳೆ) ಚಿತ್ರಗಳನ್ನು ನೋಡುತ್ತಾ ಕೂತಿದ್ದೆ. ಚಿಂಪಾಂಜಿ, ಗೊರಿಲ್ಲಾ, ಒರಾಂಗುಟಾನ್‌ಗೆಲ್ಲ 48, ನಮಗೆ ಮಾತ್ರ 46. ಇನ್ನೊಂದು ಜೊತೆ ಎಲ್ಲಿ ಹೋಯಿತು? ಕಳೆದುಹೋಗಿಲ್ಲ, ಅಂಟಿಕೊಂಡಿದೆ. ಅವುಗಳ ಎರಡು ಕ್ರೋಮೋಸೋಮ್‌ಗಳನ್ನು ತುದಿಗೆ ತುದಿ ಸೇರಿಸಿ ನಮ್ಮ 2ನೇ ಕ್ರೋಮೋಸೋಮ್ ಪಕ್ಕ ಇಟ್ಟರೆ, ಬಣ್ಣ ಹಾಕಿದಾಗ ಕಾಣುವ ಪಟ್ಟೆಗಳು ಹೆಚ್ಚುಕಡಿಮೆ ಹಾಗೇ ಹೊಂದುತ್ತವೆ.

1991ರಲ್ಲಿ ಆ ಬೆಸುಗೆಯ ಜಾಗವೂ ಸಿಕ್ಕಿತು. ಸಾಮಾನ್ಯವಾಗಿ ಕ್ರೋಮೋಸೋಮ್ ತುದಿಯಲ್ಲಿ ಇರುವ ಟಿಟಿಎಜಿಜಿಜಿ ಅನ್ನೋ ಡಿಎನ್‌ಎ ಅಕ್ಷರಸಾಲು ಅಲ್ಲಿ ಒಳಗಡೆ ಕೂತಿದೆ, ಅದೂ ಒಂದು ಕಡೆ ನೇರ, ಇನ್ನೊಂದು ಕಡೆ ತಿರುವುಮುರುವು, ಎರಡು ಬಟ್ಟೆಯಂಚು ಸೇರಿಸಿ ಹೊಲಿದ ಹಾಗೆ. ಕೋಶ ಎರಡಾಗುವಾಗ ಕ್ರೋಮೋಸೋಮ್ ಹಿಡಿದೆಳೆಯುವ ಜಾಗಕ್ಕೆ ಸೆಂಟ್ರೋಮಿಯರ್ ಅಂತಾರೆ, ಸಾಮಾನ್ಯವಾಗಿ ಒಂದು ಕ್ರೋಮೋಸೋಮ್‌ಗೆ ಒಂದೇ; ಇಲ್ಲಿ ಕೆಲಸ ನಿಲ್ಲಿಸಿದ ಎರಡನೇ ಸೆಂಟ್ರೋಮಿಯರ್‌ನ ಗುರುತೂ ಇನ್ನೂ ಅಳಿಸಿಲ್ಲ!

ನನಗಂತೂ ಪಳೆಯುಳಿಕೆಗಿಂತ ಈ ಹೊಲಿಗೆಯೇ ಜಾಸ್ತಿ ಇಷ್ಟ. ನೆಲ ಅಗೆಯಬೇಕಿಲ್ಲ, ಇದನ್ನು ಟೈಪ್ ಮಾಡುತ್ತಿರುವ ಬೆರಳಲ್ಲೇ ಇದೆ, ಅಲ್ವಾ?