ನಿಂತ ಬೋಟಿಗೆ ಓಡುವ ಬೋಟಿನ ಸದ್ದು

ಜೂನ್ 1ರಿಂದ ಜುಲೈ 31ರವರೆಗೆ, 61 ದಿನ, ಯಾಂತ್ರೀಕೃತ ಬೋಟುಗಳು ಕಡಲಿಗಿಳಿಯುವಂತಿಲ್ಲ. ಆಗ ಮಲ್ಪೆ ಬಂದರಿನಲ್ಲಿ ಬೋಟುಗಳು ಒಂದಕ್ಕೊಂದು ಒತ್ತಿಕೊಂಡು ಮಳೆಯಲ್ಲಿ ನೆನೆಯುತ್ತಾ ನಿಂತಿರುತ್ತವೆ. ಚಿತ್ರ ತೆಗೆಯಲು ಅದೇ ಒಳ್ಳೆಯ ಕಾಲ. ಸದ್ದು ಹಿಡಿಯುವ ಕಾಲ ಮಾತ್ರ ಏಪ್ರಿಲ್, ಮೇ. ಇಂಜಿನ್‌ಗಳು ಇನ್ನೂ ಬಡಿಯುತ್ತಿರುವಾಗ. ಸಾಕ್ಷ್ಯಚಿತ್ರಕ್ಕೆ ಪ್ರಯೋಗವನ್ನು ಬೆಸೆಯಲು ಎಫೆಕ್ಟ್‌ಗಳೇ ಬೇಕೆಂದಿಲ್ಲ. ಓಡುವ ಬೋಟಿನ ಸದ್ದನ್ನು ನಿಂತ ಬೋಟಿನ ಮೇಲೆ ಇಟ್ಟು ನೋಡಿ. ಎರಡೂ ನಿಜ, ಎರಡೂ ಅದೇ ದಕ್ಕೆಯವು.

ಸಾಮಾನ್ಯ ಮೈಕ್ ಹಿಡಿದರೆ ಗಾಳಿ, ಕಾಗೆ, ಹರಾಜಿನ ಕೂಗು ಎಲ್ಲ ಕಲಸಿಕೊಂಡು ಬರುತ್ತವೆ. ಬೋಟಿನ ಒಡಲಿನ ಸದ್ದೇ ಬೇಕಾದರೆ ಕಾಂಟ್ಯಾಕ್ಟ್ ಮೈಕ್, ಅಂದರೆ ತಾಗಿದ ವಸ್ತುವಿನ ಕಂಪನವನ್ನೇ ಹಿಡಿಯುವ ಮೈಕ್, ಮಾಡಿಕೊಳ್ಳಿ. ಕಂಪನವನ್ನು ವಿದ್ಯುತ್ತಾಗಿಸುವ 27 ಮಿ.ಮೀ. ಪೀಜೋ ಬಿಲ್ಲೆಯ ನಡುವಿನ ಬಿಳಿ ಭಾಗಕ್ಕೆ ಶೀಲ್ಡೆಡ್ ಕೇಬಲ್‌ನ ಒಳತಂತಿ, ಸುತ್ತಲಿನ ಹಿತ್ತಾಳೆಗೆ ಹೊರಜಾಲರಿ. ಬಿಳಿ ಭಾಗದ ಮೇಲೆ ಸೋಲ್ಡರಿಂಗ್ ಐರನ್ ಒಂದೆರಡು ಸೆಕೆಂಡು ಮಾತ್ರ. ಹೆಚ್ಚು ಹೊತ್ತು ಇಟ್ಟರೆ ಮೇಲಿನ ಲೇಪವೇ ಎದ್ದು ಬರುತ್ತದೆ. ಬೆಸುಗೆಯ ಮೇಲೆ ಎರಡು ಸಲ ನೇಲ್ ಪಾಲಿಶ್ ಬಳಿಯಿರಿ. ಬಳಿಯದಿದ್ದರೆ ಉಪ್ಪುಗಾಳಿಯ ತೇವ ಸೇರಿ ಚರಚರ ಶುರುವಾಗುತ್ತದೆ.

ಹೆಚ್ಚಿನವರು ಎಡವುವುದು ರೆಕಾರ್ಡರ್‌ನ ಇನ್‌ಪುಟ್‌ನಲ್ಲಿ. ಈ ಗಾತ್ರದ ಬಿಲ್ಲೆಯ ಕೆಪಾಸಿಟೆನ್ಸ್ (ವಿದ್ಯುದಾವೇಶ ಹಿಡಿದಿಡುವ ಶಕ್ತಿ) 20 ನ್ಯಾನೊಫ್ಯಾರಡ್ ಆಸುಪಾಸು. ಅದನ್ನು 2 ಕಿಲೋಓಮ್‌ನ ಮೈಕ್ ಇನ್‌ಪುಟ್‌ಗೆ ಸಿಕ್ಕಿಸಿದರೆ ಸುಮಾರು 4,000 ಹರ್ಟ್ಸ್‌ಗಿಂತ ಕೆಳಗಿನದೆಲ್ಲ ಸೊರಗುತ್ತದೆ. ಇಂಜಿನ್ನಿನ ಗುಡುಗು ಹೋಗಿ ತಗಡಿನ ಡಬ್ಬಿ ಅಲ್ಲಾಡಿಸಿದ ಸದ್ದು ಉಳಿಯುತ್ತದೆ. 1 ಮೆಗಾಓಮ್‌ನ ಗಿಟಾರ್ ಇನ್‌ಪುಟ್‌ಗೆ ಸಿಕ್ಕಿಸಿದರೆ ಅದೇ ಮಿತಿ 8 ಹರ್ಟ್ಸ್‌ಗೆ ಇಳಿಯುತ್ತದೆ, ಎದೆಗೆ ತಾಗುವ ಬಡಿತ ಪೂರ್ತಿ ಸಿಗುತ್ತದೆ.

ಬೋಟು ನಡೆಸುವ ತಾಂಡೇಲರನ್ನು ಕೇಳಿಕೊಂಡೇ ಬೋಟು ಹತ್ತಿ. ಇಂಜಿನ್ ಕೋಣೆಯ ಹೊರಗೋಡೆ ಒಣಗಿರುವ ಕಡೆ, ಬಿಲ್ಲೆಯ ಹಿಂದೆ ರಬ್ಬರ್ ತುಂಡಿಟ್ಟು ಸಣ್ಣ ಕ್ಲ್ಯಾಂಪ್‌ನಿಂದ ಬಿಗಿಯಿರಿ. ಸಡಿಲವಿದ್ದರೆ ಬಿಲ್ಲೆಯೇ ಗಡಗಡ ಅನ್ನುತ್ತದೆ. ಕೇಬಲನ್ನೂ ಟೇಪಿನಿಂದ ಅಂಟಿಸಿ, ಅದು ಉಜ್ಜಿದ್ದೂ ಕೇಳುತ್ತದೆ. ರೆಕಾರ್ಡರ್ 24 ಬಿಟ್, 48 ಕಿಲೋಹರ್ಟ್ಸ್‌ನಲ್ಲಿರಲಿ; ಏರುಸದ್ದು ಅದರ ಮೀಟರಿನಲ್ಲಿ ಮೈನಸ್ 12 ಡೆಸಿಬೆಲ್ ದಾಟದಿರಲಿ.

ಚಿತ್ರದ ವಿಷಯ ಕಡಿಮೆ. ಟ್ಯೂಬ್‌ಲೈಟಿನ ಕೆಳಗೆ ಸೆಕೆಂಡಿಗೆ 24 ಫ್ರೇಮ್, 1/48 ಸೆಕೆಂಡಿನ ಶಟರ್ ಇಟ್ಟರೆ ಪಟ್ಟಿಗಳು ಹರಿದಾಡುತ್ತವೆ: ನಮ್ಮ ಕರೆಂಟು 50 ಹರ್ಟ್ಸ್, ಬೆಳಕು ಸೆಕೆಂಡಿಗೆ 100 ಸಲ ಮಿಣುಕುತ್ತದೆ. 25 ಫ್ರೇಮ್, 1/50 ಇಡಿ. ಎಸಿ ಕಾರಿನಿಂದ ಇಳಿದ ಕೂಡಲೇ ಬ್ಯಾಗ್ ತೆರೆಯಬೇಡಿ, ಲೆನ್ಸ್ ಮಂಜಾಗುತ್ತದೆ. ಅರ್ಧ ಗಂಟೆ ಬಿಡಿ. ಆಮೇಲೆ ಟ್ರೈಪಾಡ್ ಊರಿ, ನಾಲ್ಕು ನಿಮಿಷ ಕದಲಿಸದೆ, ಕಟ್ಟಿದ ಹಗ್ಗವೊಂದನ್ನೇ ನೋಡಿ. ನೀರು ಏರಿದಾಗ ಅದು ಬಿಗಿದು, ಎಳೆಗಳ ನಡುವಿನ ನೀರನ್ನು ಹಿಂಡಿ ತೊಟ್ಟಿಕ್ಕಿಸುತ್ತದೆ; ಇಳಿದಾಗ ಜೋಲುತ್ತದೆ. ಅಷ್ಟು ಚಲನೆ ಸಾಕು.

ಎಡಿಟಿಂಗ್‌ನಲ್ಲಿ ಓಡುವ ಇಂಜಿನ್ನಿನ ಚಿತ್ರವನ್ನು ಅದರದೇ ಸದ್ದಿನೊಂದಿಗೆ ಒಮ್ಮೆ, 40 ಸೆಕೆಂಡಿನಷ್ಟು ತೋರಿಸಿ, ಆಮೇಲೆ ಎರಡನ್ನೂ ಬೇರ್ಪಡಿಸಿ. ಆ ಗುರುತು ಕೊಡದಿದ್ದರೆ ನೋಡುವವರಿಗೆ ಅದು ಬರೀ ಹಿನ್ನೆಲೆ ಸಂಗೀತ. ಗುರುತು ಕೊಡದೆ ಬೇರ್ಪಡಿಸುವುದು ನೋಡುಗರಿಗೆ ಮಾಡುವ ಮೋಸ ಎಂದೇ ನನ್ನ ಅಭಿಪ್ರಾಯ.

ಇಂಜಿನ್ ಆರಿಸಿದ ಕೂಡಲೇ ರೆಕಾರ್ಡರ್ ನಿಲ್ಲಿಸಬೇಡಿ, ಇನ್ನೂ ಎರಡು ನಿಮಿಷ ಓಡಲಿ. ತಣಿಯುವ ಕಬ್ಬಿಣದ ಟಿಕ್ ಟಿಕ್, ತಳದಲ್ಲಿ ನಿಂತ ನೀರಿನ ತುಳುಕಾಟ ಅದರಲ್ಲಿರುತ್ತದೆ. ಜೂನ್‌ನಲ್ಲಿ ತೆಗೆದ ಹಗ್ಗದ ಶಾಟಿಗೆ ಬೇಕಾಗುವುದು ಅದೇ.