ಕ್ಯಾಮೆರಾಕ್ಕಿಂತ ಮೊದಲು ಬ್ಯಾಂಕ್ ಸ್ಟೇಟ್‌ಮೆಂಟ್

ಮ್ಯಾಟ್ರಿಮೊನಿ ಸೈಟ್‌ನಲ್ಲಿ ಲಂಡನ್ ಡಾಕ್ಟರ್ ಎಂದು ಪರಿಚಯ, ಆಮೇಲೆ ಉಡುಗೊರೆಯ ಪಾರ್ಸೆಲ್, ದೆಹಲಿ ಕಸ್ಟಮ್ಸ್‌ನವರೆಂದು ಕರೆ, ಸುಂಕ ಕಟ್ಟಲು ಯಾರದೋ ಉಳಿತಾಯ ಖಾತೆ. ಇಂಥ ವಂಚನೆಯ ಸಾಕ್ಷ್ಯಚಿತ್ರಗಳು ಹೆಚ್ಚಾಗಿ ಮೋಸಹೋದವರ ಕಣ್ಣೀರಿನಿಂದ ಶುರುವಾಗುತ್ತವೆ. ಶುರುವಾಗಬೇಕಾದ್ದು ಅವರ ಬ್ಯಾಂಕ್ ಸ್ಟೇಟ್‌ಮೆಂಟಿನಿಂದ.

ಹಣ ಹೋಗಿ ಹೆಚ್ಚು ಹೊತ್ತಾಗಿಲ್ಲದಿದ್ದರೆ ಚಿತ್ರೀಕರಣ ಬೇಡ, ಮೊದಲು ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಕರೆ. ಹಣ ಮುಂದಿನ ಖಾತೆಗೆ ದಾಟುವ ಮೊದಲು ತಡೆಹಿಡಿಸಲು ಸಾಧ್ಯವಿರುತ್ತದೆ.

ಆಮೇಲೆ ಶೀಟ್ ಮಾಡಿ: ದಿನಾಂಕ, ಸಮಯ, ಮೊತ್ತ, ಯುಪಿಐ ಆದರೆ 12 ಅಂಕಿಯ ರೆಫರೆನ್ಸ್ ನಂಬರ್. ಪ್ರತಿ ಪಾವತಿಯ ಪಕ್ಕದಲ್ಲಿ ಅದಕ್ಕೆ ಸ್ವಲ್ಪ ಮೊದಲು ಬಂದ ವಾಟ್ಸಾಪ್ ಮೆಸೇಜ್. ಮೊದಲು ಸಣ್ಣ ಸುಂಕ, ನಂತರ ಪಾರ್ಸೆಲ್‌ನಲ್ಲಿ ಪೌಂಡ್ ಸಿಕ್ಕಿದೆ ಎಂಬ ದಂಡ, ಕೊನೆಗೆ ಜೈಲಿನ ಬೆದರಿಕೆ. ಒತ್ತಡ ಏರಿದ ಬಗೆ ಆ ಕಾಲಂನಲ್ಲೇ ಕಾಣುತ್ತದೆ. ‘ಯಾಕೆ ನಂಬಿದ್ರಿ?’ ಎಂದು ಕೇಳಲೇಬೇಡಿ. ಅದು ತಪ್ಪನ್ನು ಅವರ ತಲೆಗೇ ಕಟ್ಟುತ್ತದೆ, ಮಾತೂ ಅಲ್ಲಿಗೇ ನಿಲ್ಲುತ್ತದೆ. ‘ಆಮೇಲೆ ಏನಂದ?’ ಎಂದರೆ ಸಾಕು.

ಚಾಟನ್ನು ಫೈಲ್ ಮಾಡಿ ಹೊರತೆಗೆಯುವ ವಾಟ್ಸಾಪ್ ಎಕ್ಸ್‌ಪೋರ್ಟ್‌ಗೆ ಮಿತಿಯಿದೆ: ಮೀಡಿಯಾ ಸಮೇತ 10,000 ಮೆಸೇಜ್, ಇಲ್ಲದೆ 40,000. ಉದ್ದದ ಚಾಟ್‌ನಲ್ಲಿ ಬಿಟ್ಟುಹೋಗುವುದು ಹಳೆಯ ಭಾಗ, ಅಂದರೆ ನಂಬಿಕೆ ಬೆಳೆದ ದಿನಗಳು. ಅದನ್ನು ಸ್ಕ್ರೀನ್ ರೆಕಾರ್ಡ್ ಮಾಡಿ. ನಂಬರ್ ಸೇವ್ ಆಗಿದ್ದರೆ ಎಕ್ಸ್‌ಪೋರ್ಟ್‌ನಲ್ಲಿ ಹೆಸರು ಮಾತ್ರ ಬರುತ್ತದೆ, ಹಾಗಾಗಿ ಪ್ರೊಫೈಲ್ ಪುಟದ ಸ್ಕ್ರೀನ್‌ಶಾಟ್ ಬೇರೆಯಾಗಿ ಬೇಕು. ಫೈಲ್ ಕೈಗೆ ಬಂದ ದಿನವೇ ಅದರ ಎಸ್‌ಎಚ್‌ಎ-256 ಹ್ಯಾಶ್ (ಫೈಲ್‌ನಲ್ಲಿ ಒಂದಕ್ಷರ ಬದಲಾದರೂ ಬದಲಾಗುವ ಗುರುತು ಸಂಕೇತ) ಬರೆದಿಡಿ. ಮುಂದೆ ಯಾರಾದರೂ ತಿದ್ದಿದ್ದೀರಿ ಎಂದರೆ ಉತ್ತರ ಕೈಯಲ್ಲಿರುತ್ತದೆ.

ಮುಖ ಮರೆಸುವುದನ್ನು ಎಡಿಟಿಂಗ್‌ಗೆ ಬಿಡಬೇಡಿ. ಬ್ಲರ್ ಮಾಡಿದರೂ ಮೂಲ ಫೂಟೇಜ್‌ನಲ್ಲಿ ಮುಖ ಉಳಿದೇ ಇರುತ್ತದೆ, ಹಾರ್ಡ್‌ಡಿಸ್ಕ್ ಕೈ ಬದಲಾದರೆ ಮುಗಿಯಿತು. ಹಿಂದಿನ ಗೋಡೆಗಷ್ಟೇ ಬೆಳಕು ಹಾಕಿ ನೆರಳಾಕೃತಿಯಲ್ಲೇ ತೆಗೆಯಿರಿ. ಬಳೆ, ಕನ್ನಡಕ, ಕಿಟಕಿಯಾಚೆಯ ಅಂಗಡಿ ಬೋರ್ಡನ್ನೂ ನೋಡಿಕೊಳ್ಳಿ. ಊರಿನವರು ಅಷ್ಟರಲ್ಲೇ ಗುರುತು ಹಿಡಿಯುತ್ತಾರೆ. ಪಿಚ್ ಬದಲಿಸಿದ ದನಿಯನ್ನು ಹಿಂದಕ್ಕೆ ತಿರುಗಿಸಬಹುದು, ಆದ್ದರಿಂದ ಅವರ ಮಾತನ್ನು ಬೇರೊಬ್ಬರಿಂದ ಓದಿಸುವುದೇ ಕ್ಷೇಮ. ಆ ಕೋಣೆಯ ಮೌನವನ್ನೂ ಒಂದು ನಿಮಿಷ ರೆಕಾರ್ಡ್ ಮಾಡಿಕೊಳ್ಳಿ, ಹೊಸ ದನಿಯ ಕೆಳಗೆ ಬೇಕಾಗುತ್ತದೆ. ಟ್ಯೂಬ್‌ಲೈಟ್ ಇದ್ದರೆ ಚಿತ್ರ ಮಿನುಗದಂತೆ ಕ್ಯಾಮೆರಾವನ್ನು ಸೆಕೆಂಡಿಗೆ 25 ಫ್ರೇಮ್, ಶಟರ್ 1/50ಕ್ಕೆ ಇಡಿ.

ಪ್ರೊಫೈಲ್ ಫೋಟೊ ಸಾಮಾನ್ಯವಾಗಿ ಕದ್ದದ್ದು. ಅದನ್ನು ಆರೋಪಿಯ ಮುಖವೆಂದು ತೋರಿಸಿದರೆ ಇನ್ನೊಬ್ಬರ ಬದುಕು ಹಾಳು. ಆ ಮೆಸೇಜ್‌ಗಳನ್ನು ಟೈಪ್ ಮಾಡಿದವರ ಬಗ್ಗೆಯೂ ಆತುರದ ತೀರ್ಪು ಬೇಡ, ಅವರೂ ಬಲವಂತಕ್ಕೆ ಸಿಕ್ಕವರಿರಬಹುದು. ಕೆಲಸದ ಆಸೆಗೆ ಹೋಗಿ ಮ್ಯಾನ್ಮಾರ್‌ನ ಮ್ಯಾವಾಡಿಯಂಥ ವಂಚನಾ ಕೇಂದ್ರಗಳಲ್ಲಿ ಸಿಕ್ಕಿಬಿದ್ದ 500ಕ್ಕೂ ಹೆಚ್ಚು ಭಾರತೀಯರನ್ನು 2025ರ ಮಾರ್ಚ್‌ನಲ್ಲಿ ವಾಯುಪಡೆ ವಿಮಾನಗಳು ಕರೆತಂದವು.

ಒಪ್ಪಿಗೆ ಎರಡು ಸಲ ಪಡೆಯಿರಿ: ಚಿತ್ರೀಕರಣಕ್ಕೆ ಮೊದಲು, ರಫ್ ಕಟ್ (ಎಡಿಟಿಂಗ್‌ನ ಮೊದಲ ಕರಡು) ತೋರಿಸಿದ ಮೇಲೆ. ಆಗ ಬೇಡವೆಂದರೆ ಆ ಭಾಗ ತೆಗೆಯಲೇಬೇಕು. ಪರದೆಯ ಮೇಲೆ ಖಾತೆ, ರೆಫರೆನ್ಸ್ ನಂಬರ್ ಕಾಣದಂತೆ ಮುಚ್ಚಿ. ‘ನಿಮ್ಮ ಹಣ ವಾಪಸ್ ಕೊಡಿಸುತ್ತೇವೆ’ ಎಂದು ಫೀ ಕೇಳುವ ಎರಡನೇ ಸುತ್ತಿನ ವಂಚಕರು ಹುಡುಕುವುದು ಅವನ್ನೇ. ಅಂಥ ಕರೆ ಬರಬಹುದೆಂದು ಬಿಡುಗಡೆಗೆ ಮೊದಲೇ ಮೋಸಹೋದವರಿಗೆ ತಿಳಿಸಿ.